ಉಮಕ್ಕನ ಬದಲಿಗೆ

ಕೊಕ್ಕೆ ಕೂರ್ತಾ ಇಲ್ಲ, ಉಮಕ್ಕನ ರವಿಕೆ, ಕಂಕುಳಲ್ಲಿ ಅವಳದೇ ಬೆವರು, ಅವಳದೇ ಪೌಡರಿನ ವಾಸನೆ, ವಸಂತಮ್ಮ ಉಸಿರು ಬಿಗಿಹಿಡಿದು ಹೊಟ್ಟೆ ಒಳಗೆಳೆದುಕೊಂಡಳು — ಅಯ್ಯೋ ಶಿವನೇ, ಇಷ್ಟು ವರ್ಷ ಕಂಪನಿ ನಾಟಕದ ಸೈಡ್‌ವಿಂಗಲ್ಲಿ ನಿಂತು ಉಮಕ್ಕನ ಮಾತನ್ನೆಲ್ಲ ತುಟಿಯಲ್ಲೇ ಆಡಿದವಳಿಗೆ ರಾಣಿ ಪಾತ್ರ ಬಂದಿದ್ದು ಹೀಗಾ, ಬೆಳಿಗ್ಗೆ ಕಾಫಿ ಲೋಟ ಹಿಡಿದ ಹಾಗೇ ಉಮಕ್ಕ ಕುಸಿದಳು, ಬಾಯಿ ಒಂದು ಕಡೆಗೆ ವಾಲಿತು, ಭದ್ರಾವತಿಯಲ್ಲಿ ಆಗಲ್ಲ ಅಂತ ಶಿವಮೊಗ್ಗಕ್ಕೆ ಒಯ್ದರು, ಆಂಬುಲೆನ್ಸು ಮಲವಗೊಪ್ಪ ದಾಟಿದರೂ ಉಮಕ್ಕ ವಸಂತಮ್ಮನ ಸೆರಗು ಬಿಡಲಿಲ್ಲ, ಏನೋ ಹೇಳೋಕೆ ನೋಡ್ತಾಳೆ, ವ ವ ಅಂತಾಳೆ, ಅಷ್ಟೇ. ಮಾತು ಬರೋದು ಕಷ್ಟ ಅಂದರು ಡಾಕ್ಟರು. ಆ ಗಂಟಲಿಗೆ ಮಾತಿಲ್ಲ ಅಂದ್ರೆ ದೇವರಿಗೆ ಕಣ್ಣಿದೆಯಾ? ಸಂಕಟ, ಅಳೋ ಹಾಗೂ ಇಲ್ಲ, ಬಣ್ಣ ಕರಗುತ್ತೆ, ಮಾಲೀಕ ರಾಮಚಂದ್ರಪ್ಪ ಪರದೆ ಸರಿಸಿ ತಲೆ ಹಾಕಿದ, ವಸಂತಕ್ಕ, ಇವತ್ತು ಜನ ಒಪ್ಪಿದ್ರೆ ಈ ಪಾತ್ರ ಇನ್ನು ನಿಮ್ದೇ, ಇಲ್ಲಾಂದ್ರೆ ಗದಗದಿಂದ ಬೇರೆಯವರನ್ನ ಕರೆಸ್ತೀನಿ, ಬೇಜಾರು ಮಾಡ್ಕೋಬೇಡಿ. ಬೇಜಾರಂತೆ. ಕೂದಲು ನರೆತ ಮೇಲೆ ಬಂದ ಪಟ್ಟ, ಇದೂ ತಪ್ಪಿದ್ರೆ ಇನ್ನೆಲ್ಲಿ, ಏಳೇ ವಸಂತ, ಏಳು.

ಬೆಲ್ಲು, ಬೆಳಕು, ಮಾತು ಬಂತು, ಒಂದೂ ತಪ್ಪಲಿಲ್ಲ, ಮುಂದಿನ ಸಾಲಲ್ಲಿ ಹೆಂಗಸೊಬ್ಬಳು ಕಣ್ಣೊರೆಸಿಕೊಂಡಳು, ನೋಡು ಉಮಕ್ಕ ನೋಡು, ಹಾಡೂ ಬಂತು, ಮಗನನ್ನು ಯುದ್ಧಕ್ಕೆ ಕಳಿಸೋ ಹಾಡು, ಹಾರ್ಮೋನಿಯಂ ಹೊನ್ನಯ್ಯ ಬೆನ್ನಿಗೇ ಬಂದ, ಕೊನೆಯ ಸಾಲು ಏರಿ ನಿಂತಿತು, ಬಲಗೈ ಮೇಲೆ ಹೋಯಿತು, ವಸಂತಮ್ಮ ನಿಂತಳು. ಉಮಕ್ಕ ಇಲ್ಲೇ ನಿಲ್ಲೋದು, ಕೈ ಎತ್ತಿ, ಜನ ಒನ್ಸ್ ಮೋರ್ ಅಂತ ಕೂಗೋವರೆಗೆ, ಯಾವ ಊರಲ್ಲೂ ಕೂಗದೆ ಬಿಟ್ಟಿದ್ದಿಲ್ಲ, ಶಿಳ್ಳೆ ಬೀಳಬೇಕು, ಆಮೇಲೆ ಹೊನ್ನಯ್ಯ ಮತ್ತೆ ಪಲ್ಲವಿ ಹಿಡೀಬೇಕು, ಪಾತ್ರದ ಜೊತೆ ಈ ನಿಲ್ಲೋದನ್ನೂ ಕಲಿತುಬಿಟ್ಟಿದ್ದಾಳಲ್ಲ ವಸಂತಮ್ಮ, ಪುಣ್ಯಾತ್ಗಿತ್ತಿ, ಹೊನ್ನಯ್ಯನೂ ಅಭ್ಯಾಸಬಲಕ್ಕೆ ಬೆರಳೆತ್ತಿ ಕೂತಿದ್ದಾನೆ, ಜನ ಸುಮ್ಮನೆ ನೋಡ್ತಾ ಇದ್ದಾರೆ, ಯಾರೋ ಕೆಮ್ಮಿದರು, ಹಿಂದಿನಿಂದ ಒಬ್ಬ, ಮರೆತುಹೋಯ್ತು ಕಣೋ, ಪಾಪ — ಅಯ್ಯೋ ಮರೆತಿಲ್ಲ ಮಾರಾಯ, ಒಂದಕ್ಷರ ಮರೆತಿಲ್ಲ, ಮುಂದಿನ ಮಾತು ನಾಲಿಗೆ ತುದೀಲೇ ಇದೆ, ಕೈ ಇಳಿಸಿ ಆಡಿದ್ರೆ ಆಯ್ತು, ಆದ್ರೆ ಇಳಿಸಿದ್ರೆ ಇನ್ನು ಯಾರೂ ಕೂಗಲ್ಲ ಅಂತ ತಾನೇ ಒಪ್ಪಿಕೊಂಡ ಹಾಗಾಯ್ತು, ಒಬ್ಬರಾದರೂ, ಒಂದೇ ಒಂದು ಸಲ, ರಾಮಚಂದ್ರಪ್ಪ ವಿಂಗಿನಿಂದ ಹಲ್ಲು ಕಚ್ಚಿ, ಕೈ ಇಳಿಸಿ ವಸಂತಕ್ಕ, ಬಳೆ ಮೊಣಕೈಗೆ ಜಾರಿತು, ಕೈ ಮೇಲೇ ಇದೆ, ದೀಪದ ಬಿಸಿ ಅಂಗೈಗೆ ಬಡೀತಾ ಇದೆ, ಕೈ ಮೇಲೇ ಇದೆ, ಕೈ —