ಜಡ್ಜಮ್ಮನವರ ಮನವಿ

ಜಡ್ಜ್ ಸಾಹೇಬರು ತೀರಿಹೋಗಿ ಹನ್ನೊಂದು ವರ್ಷವಾಗಿದ್ದರೂ ಆ ಬಂಗಲೆಯಲ್ಲಿ ತೀರ್ಪು ಕೊಡುವ ಕೆಲಸ ನಿಂತಿರಲಿಲ್ಲ. ಅದನ್ನು ಅವರ ಹೆಂಡತಿ ಜಡ್ಜಮ್ಮ ವಹಿಸಿಕೊಂಡಿದ್ದರು. ಶ್ರೀಮಂತರ ಬೀದಿ ಎನಿಸಿಕೊಂಡಿದ್ದ ಜಾಗದಲ್ಲಿ ಈಗ ಡಾಕ್ಟರ ಗ್ಯಾರೇಜು ಕ್ಷೌರದಂಗಡಿಯಾಗಿತ್ತು, ಇಂಜಿನಿಯರ ಹಜಾರದಲ್ಲಿ ಟ್ಯೂಷನ್ ನಡೆಯುತ್ತಿತ್ತು, ಬ್ಯಾರಿಸ್ಟರ ದಿವಾನಖಾನೆಗೆ ಜೆರಾಕ್ಸ್ ಯಂತ್ರ ಬಂದಿತ್ತು. ಮರ್ಯಾದಸ್ಥರು ಬಾಳುವುದು ಹೇಗೆ? ಜಡ್ಜಮ್ಮ ಎಂಟು ಅಂಗಡಿಗಳನ್ನು ಹೆಸರಿಸಿ, ಎಲ್ಲವನ್ನೂ ಮುಚ್ಚಿಸಬೇಕೆಂದು ನಗರಸಭೆಗೆ ಮನವಿ ಬರೆದರು.

ಟೈಪ್ ಮಾಡಿಸಲು ಹತ್ತಿರದಲ್ಲಿದ್ದದ್ದು ಆ ಜೆರಾಕ್ಸ್ ಅಂಗಡಿಯೊಂದೇ. ಹಿಂದೆ ಬ್ಯಾರಿಸ್ಟರ ಹೆಂಡತಿಯೊಡನೆ ಇಸ್ಪೀಟಾಡಿದ್ದ ಕೋಣೆಯಲ್ಲಿ ಜಡ್ಜಮ್ಮ ಮುತ್ತಿನ ಸರ ಹಾಕಿಕೊಂಡು ಸಾಲಿನಲ್ಲಿ ನಿಂತರು.

ಜೆರಾಕ್ಸಿನವನು ಟೈಪ್ ಮಾಡುತ್ತಾ ಹೋದ. ಮೂರನೆಯ ಸಾಲಿನಲ್ಲಿ ತನ್ನದೇ ಅಂಗಡಿ ಬಂದಾಗಲೂ ಅವನ ಕೈ ನಿಲ್ಲಲಿಲ್ಲ.

"ಅಮ್ಮಾ, 'ಅನಧಿಕೃತ'ಕ್ಕೆ ಮಹಾಪ್ರಾಣ ಬರುತ್ತೆ. ತಿದ್ದಿದೀನಿ."

"ಹೂಂ."

"ಮತ್ತೆ, ಒಂಬತ್ತನೇದು ಬಿಟ್ಟುಹೋಗಿದೆ. ಹಿಂದಿನ ಓಣೀಲಿ ಬ್ಯೂಟಿ ಪಾರ್ಲರ್ ಇದೆಯಲ್ಲ, ಬೋರ್ಡ್ ನಾನೇ ಮಾಡಿಕೊಟ್ಟಿದ್ದು."

"ಅದನ್ನೂ ಸೇರಿಸು. ಯಾರದು ಅದು?"

ಅವನು ಕಂಪ್ಯೂಟರಿನಿಂದ ಕಣ್ಣು ತೆಗೆಯದೆ ಹೇಳಿದ: "ನಿಮ್ಮ ಸೊಸೆದು."

ಜಡ್ಜಮ್ಮ ಕಾಗದವನ್ನು ಕಸಿದುಕೊಂಡು ಹಿಂದಿನ ಓಣಿಗೆ ನಡೆದರು. ಕೆಸರಿನಲ್ಲಿ ಚಪ್ಪಲಿ ಎರಡು ಸಲ ಸಿಕ್ಕಿಕೊಂಡಿತು. ಬಂಗಲೆಯ ಹಿಂಬದಿಗೆ, ಸಾಹೇಬರ ಕಾರು ನಿಲ್ಲುತ್ತಿದ್ದ ಶೆಡ್ಡಿನಲ್ಲಿ ನಾಲ್ವರು ಹೆಂಗಸರು ಕುರ್ಚಿಗಳಲ್ಲಿ ಸರದಿ ಕಾಯುತ್ತಾ ಕುಳಿತಿದ್ದರು. ಸೊಸೆಗೆ ಎಷ್ಟೊಂದು ಗೆಳತಿಯರು, ಎಂಥ ಜನ ಸೇರಿಸುವ ಗುಣ ಎಂದು ಜಡ್ಜಮ್ಮ ಮೂರು ತಿಂಗಳಿಂದ ಹೊಗಳಿಕೊಂಡು ಬಂದದ್ದು ಇವರನ್ನೇ ನೋಡಿ.

ಸೊಸೆ ಕೈಯಲ್ಲಿದ್ದ ಕತ್ತರಿಯನ್ನು ಬೆನ್ನ ಹಿಂದೆ ಮರೆಮಾಡಿದಳು. "ಹೇಳ್ಬೇಕು ಅಂತಲೇ ಇದ್ದೆ ಅತ್ತೆ."

"ಯಾವಾಗ?"

"ನಿಮ್ಮ ಕೋಪ ಇಳಿದ ಮೇಲೆ."

ಹಾಗಾದರೆ ಈ ಜನ್ಮದಲ್ಲಿ ಅಲ್ಲ ಎಂಬುದು ಜಡ್ಜಮ್ಮನವರಿಗೂ ಗೊತ್ತಿತ್ತು. ಅಷ್ಟರಲ್ಲಿ ಕೂದಲು ಬಾಬ್ ಮಾಡಿಸಿಕೊಂಡಿದ್ದ ಹೆಂಗಸೊಬ್ಬಳು, "ನಿಮ್ಮ ಸೊಸೆ ಕೈಗುಣ ಚೆನ್ನಾಗಿದೆ ಕಣ್ರೀ. ಈ ಕೆಸರೊಂದು ಇಲ್ಲದಿದ್ರೆ ಇನ್ನೂ ಎಷ್ಟೋ ಜನ ಬರ್ತಿದ್ರು" ಎಂದಳು. ಸಾಹೇಬರು ಹೋದ ಮೇಲೆ ಈ ಮನೆಯವರನ್ನು ಹುಡುಕಿಕೊಂಡು ಬಂದು ಕಾದು ಕುಳಿತವರು ಯಾರೂ ಇರಲಿಲ್ಲ. ಜಡ್ಜಮ್ಮ ಮನವಿಯ ಕಾಗದವನ್ನು ನಾಲ್ಕಾಗಿ ಮಡಚಿ ಸೊಂಟಕ್ಕೆ ಸಿಕ್ಕಿಸಿಕೊಂಡರು.

ಮರುದಿನ ಬೆಳಿಗ್ಗೆ ಮತ್ತೆ ಜೆರಾಕ್ಸ್ ಅಂಗಡಿ.

"ಎಂಟನ್ನೂ ತೆಗೆದುಹಾಕು. ಹಿಂದಿನ ಓಣಿಗೆ ಡಾಂಬರು ಬೇಕು ಅಂತ ಬರಿ."

"ಕಾರಣ ಏನಂತ ಹಾಕ್ಲಿ?"

"ಪ್ರತಿಷ್ಠಿತ ಬಡಾವಣೆ, ಗಣ್ಯರು ಓಡಾಡ್ತಾರೆ ಅಂತ ಹಾಕು."

ಮುಂದಿನ ಮಳೆಗಾಲಕ್ಕೆ ಮುಂಚೆಯೇ ಡಾಂಬರು ಬಿತ್ತು.