ಅಧ್ಯಕ್ಷರ ಸೊಂಟ

“ಬಗ್ಗಿ ಹೊಡೀರಲೇ, ಬೋಸುಡಿ ಮಕ್ಕಳ್ರಾ! ಕೂಲಿ ಇಸ್ಗೊಳ್ಳಾಗ ಸೊಂಟ ಬಗ್ತತಿ, ಗುದ್ದಲಿ ಹಿಡಿದ್ರ ಬಗ್ಗಂಗಿಲ್ಲೇನು?”

ಗುತ್ತಿಗೆದಾರ ಹಾಲೇಶ್ ಕಾರಿನೊಳಗೇ ಕೂತು, ಗಾಜನ್ನು ನಾಲ್ಕು ಬೆರಳಷ್ಟು ಇಳಿಸಿ ಬೈಯುತ್ತಿದ್ದ. ಅದಕ್ಕಿಂತ ಹೆಚ್ಚು ಇಳಿಸಿದರೆ ಎಸಿ ಹೊರಗೆ ಹೋಗುತ್ತಿತ್ತು. ಹುಲುಗಮ್ಮ ಗುದ್ದಲಿ ಎತ್ತಿದಳು. ಅವಳು ಒಡೆಯಬೇಕಾಗಿದ್ದದ್ದು ಕಂಪ್ಲಿ ರಸ್ತೆಯಲ್ಲಿ ಅವಳದೇ ಕೇರಿಯ ಮುಂದಿದ್ದ ಹಂಪ್ಸು.

ಆ ಹಂಪ್ಸು ಸುಮ್ಮನೆ ಬಂದದ್ದಲ್ಲ. ಹೋದ ವರ್ಷ ಭತ್ತದ ಲಾರಿಯೊಂದು ಅವಳ ಅತ್ತೆ ಸುಂಕಲಮ್ಮನ ಕಾಲು ಮುರಿದಾಗ ಯಾರೂ ತಿರುಗಿ ನೋಡಲಿಲ್ಲ. ಮರು ತಿಂಗಳು ಇನ್ನೊಂದು ಲಾರಿ ಅದೇ ಕೇರಿಯ ಕೆಂಚಣ್ಣನನ್ನು ಕೊಂದಿತು. ಹೆಣವನ್ನು ನಡುರಸ್ತೆಯಲ್ಲಿಟ್ಟು ಕೇರಿಗೆ ಕೇರಿಯೇ ಬಿಸಿಲಲ್ಲಿ ಕೂತಿತು. ಸಂಜೆಯೊಳಗೆ ಡಾಂಬರು ಬಂತು, ರಸ್ತೆಗೆ ಅಡ್ಡಲಾಗಿ ಹಂಪ್ಸು ಎದ್ದಿತು.

ಈಗ ಊರ ಕಲ್ಯಾಣ ಮಂಟಪದಲ್ಲಿ ರಸ್ತೆ ಸುರಕ್ಷತಾ ಸಪ್ತಾಹದ ಉದ್ಘಾಟನೆ. ಉದ್ಘಾಟಿಸಲು ಹೊಸಪೇಟೆಯಿಂದ ಅಧ್ಯಕ್ಷರು ಬರುವವರಿದ್ದರು. ಯಾವ ಮಂಡಳಿಯ ಅಧ್ಯಕ್ಷರೆಂದು ಹಾಲೇಶನಿಗೂ ಸರಿಯಾಗಿ ಗೊತ್ತಿರಲಿಲ್ಲ. ಅವರಿಗೆ ಸೊಂಟನೋವು ಎಂಬುದು ಮಾತ್ರ ಗೊತ್ತಿತ್ತು. ದಾರಿಯಲ್ಲಿ ಕಾರು ಎಗರಬಾರದೆಂದು ಅವರ ಪಿಎ ಎರಡು ಸಲ ಫೋನ್ ಮಾಡಿದ್ದ.

“ಹಂಪಿ ಕಲ್ಲು ಐನೂರು ವರ್ಷ ಅದಾವು. ನಮ್ಮ ಹಂಪ್ಸು ಒಂದು ವರ್ಷ ಬಾಳ್ಲಿಲ್ಲ ನೋಡು,” ಎಂದ ಹುಲುಗಮ್ಮನ ಗಂಡ ಗಾದಿಲಿಂಗ. ಅವನು ಕಾಲಿಗೆ ಗೋಣಿತಟ್ಟು ಸುತ್ತಿಕೊಂಡು, ಗುಂಡಿ ಮುಚ್ಚಲು ಡಾಂಬರು ಕಾಯಿಸುತ್ತಿದ್ದ.

ಟೇಪು ಹಿಡಿದು ನಿಂತಿದ್ದ ಇಂಜಿನಿಯರ್ ಕಿರಣ್ ಕುಮಾರನ ಬಳಿಗೆ ಹುಲುಗಮ್ಮ ಹೋದಳು.

“ಸಾಹೇಬ್ರ, ಅವ್ರು ಹೋದಮ್ಯಾಗ ವಾಪಸ್ ಹಾಕ್ತೀರಲ್ರಿ?”

“ಹಂಗ ಹಾಕಾಕ ಬರಂಗಿಲ್ಲಮ್ಮ. ಪ್ರಸ್ತಾವನೆ ಹೋಗ್ಬೇಕು. ಇಲ್ಲಿ ಸತ್ತಾರು ಎಷ್ಟು ಮಂದಿ?”

“ಒಬ್ಬಾತ ರೀ. ನಮ್ಮತ್ತಿ ಕಾಲು ಹೋತು.”

“ಕಾಲು ಲೆಕ್ಕಕ್ಕ ಬರಂಗಿಲ್ಲ. ಒಂದು ಸಾವಿಗೆ ಮ್ಯಾಲಿನವ್ರು ಒಪ್ಪಂಗಿಲ್ಲ.”

“ಅಂದ್ರ ಇನ್ನಾ ಎಷ್ಟು ಮಂದಿ ಸಾಯ್ಬೇಕ್ರಿ? ಹೇಳಿದ್ರ ಕೇರ್‍ಯಾಗ ಹೆಸ್ರು ಬರಸ್ತೀವಿ.”

ಕಿರಣ್ ಕುಮಾರ ಟೇಪನ್ನು ಸುತ್ತತೊಡಗಿದ. ಗಾಜು ಇನ್ನೆರಡು ಬೆರಳು ಇಳಿಯಿತು.

“ಏನಲೇ ಹುಲಿಗಿ, ಬಾಯಿ ಭಾಳ ಆತು? ನಿಮ್ಮ ಕೇರಿ ಮಂದಿಗೆ ರಸ್ತಾನ ಅಂಗಳ. ಮೂಳಗಳು, ನೋಡ್ಕೊಂಡು ದಾಟ್ರಿ ಅಂದ್ರ ದಾಟಂಗಿಲ್ಲ. ನಾಳಿಂದ ಕೆಲಸಕ್ಕ ಬರಬ್ಯಾಡ, ಹೋಗು!”

ಹನ್ನೊಂದರ ಹೊತ್ತಿಗೆ ರಸ್ತೆ ನುಣ್ಣಗಾಯಿತು. ಬದಿಯಲ್ಲಿ ‘ನಿಧಾನವಾಗಿ ಚಲಿಸಿ, ಮಿತಿ 30’ ಎಂಬ ಹೊಸ ಫಲಕ ನೆಟ್ಟರು. ಮಧ್ಯಾಹ್ನ ಒಂದರ ಹೊತ್ತಿಗೆ ಅಧ್ಯಕ್ಷರ ಕಾರು, ಹಿಂದೆ ನಾಲ್ಕು ಕಾರು ಬಂದವು. ಬಂದವು ಎನ್ನುವಷ್ಟರಲ್ಲಿ ಹೋಗಿದ್ದವು. ಆ ಗಾಳಿಗೆ ಫಲಕ ವಾಲಿತು. ಶಾಲೆಯಿಂದ ಊಟಕ್ಕೆ ಹೊರಟಿದ್ದ ಹುಲುಗಮ್ಮನ ಮಗಳು ಪಲ್ಲವಿ ಚರಂಡಿಗೆ ಹಾರಿ ಬಿದ್ದಳು. ಮೊಣಕಾಲು ಒಡೆದು ರಕ್ತ ಬಂತು. ಕಾವಲಿಗಿದ್ದ ಪೊಲೀಸು ಬಂದು, “ವಿಐಪಿ ಬರೋ ಹೊತ್ನ್ಯಾಗ ಅಡ್ಡ ಬರ್ತೀಯೇನು?” ಎಂದು ಹುಡುಗಿಯನ್ನೇ ಗದರಿದ.

ಹುಲುಗಮ್ಮ ಮಗಳ ಕಾಲು ತೊಳೆದು, ಸೆರಗು ಹರಿದು ಕಟ್ಟಿದಳು.

ಮಂಟಪದಲ್ಲಿ ಅಧ್ಯಕ್ಷರು ಪಾದಚಾರಿಗಳೇ ದೇವರು ಎಂದರು. ಆಮೇಲೆ ‘ಅಪಘಾತ ಸಂತ್ರಸ್ತರಿಗೆ ನೆರವು’ ಎಂದು ಸುಂಕಲಮ್ಮನನ್ನು ವೇದಿಕೆ ಹತ್ತಿಸಿ, ಕೈಗೊಂದು ಹೆಲ್ಮೆಟ್ ಕೊಟ್ಟು ಫೋಟೊ ತೆಗೆಸಿದರು. ಅವಳ ಮನೆಯಲ್ಲಿ ಸೈಕಲ್ಲೂ ಇರಲಿಲ್ಲ.

“ಯಪ್ಪಾ, ಕಾಲಿಗೆ ಹಾಕ್ಕೊಳ್ಳಾದು ಇಲ್ಲೇನ್ರಿ ಇದ್ರಾಗ?” ಎಂದಳು ಮುದುಕಿ. ಹಾಲೇಶ್ ಅವಳ ತೋಳು ಹಿಡಿದು ಬೇಗ ಬೇಗ ಇಳಿಸಿದ. ಅವಳು ಹೆಲ್ಮೆಟನ್ನು ಖಾಲಿ ಕುರ್ಚಿಯ ಮೇಲಿಟ್ಟು, ಕೋಲೂರುತ್ತ ಮನೆಯ ದಾರಿ ಹಿಡಿದಳು. ಇನ್ನೂ ಐದು ಭಾಷಣ ಬಾಕಿಯಿದ್ದವು.

ಇತ್ತ ರಸ್ತೆಯಲ್ಲಿ ಹುಲುಗಮ್ಮ ಡಾಂಬರಿನ ಡ್ರಮ್ಮಿನೊಳಗೆ ಇಣುಕಿದಳು. ಕಾಲು ಭಾಗ ಉಳಿದಿತ್ತು. ಪಕ್ಕದಲ್ಲಿ ಜಲ್ಲಿಯ ಗುಡ್ಡೆಯಿತ್ತು.

“ಇನ್ನೊಂದೀಟು ಬೆಂಕಿ ಹಾಕ್ರಿ,” ಎಂದಳು ಗಂಡನಿಗೆ.

“ಲೇ, ತಲಿ ಕೆಟ್ಟತೇನು? ನನ್ನ ಕೂಲೀನೂ ಹೋಗ್ತತಿ.”

“ನಂದು ಆಗ್ಲೇ ಹೋಗೇತಿ. ನೀವು ಹಾಕದಿದ್ರ ನಾ ಹಾಕ್ತೀನಿ.”

ಅವಳು ಬುಟ್ಟಿಗೆ ಜಲ್ಲಿ ತುಂಬಿ ತಲೆಗೆತ್ತಿಕೊಂಡಳು. ಕೆಂಚಣ್ಣನ ಹೆಂಡತಿ ಅನುಸೂಯಾ ಬುಟ್ಟಿ ಗುದ್ದಲಿ ಜೋಡಿಸುವುದನ್ನು ಬಿಟ್ಟು ಎದ್ದು ಬಂದಳು. ಅವಳ ಹಿಂದೆ ಇನ್ನೂ ನಾಲ್ವರು ಹೆಂಗಸರು. ಗಾದಿಲಿಂಗ ಸ್ವಲ್ಪ ಹೊತ್ತು ಬೀಡಿ ಸೇದುತ್ತ ನಿಂತ. ಆಮೇಲೆ ಬೀಡಿ ಎಸೆದು, ಒಲೆಗೆ ಎರಡು ಕೊರಡು ತಳ್ಳಿದ. ಸುರಿದ ಜಲ್ಲಿಯ ಮೇಲೆ ಡಾಂಬರು ಹೊಯ್ದರು, ದಿಮ್ಮಸಿನಿಂದ ಬಡಿದರು. ಮೊದಲಿನದು ಗೇಣೆತ್ತರವಿತ್ತು. ಇದನ್ನು ಇನ್ನೂ ನಾಲ್ಕು ಬೆರಳು ಎತ್ತರಿಸಿದರು.

ಮರಳಿ ಬಂದ ಕಾರುಗಳು ಕಿರ್ರೆಂದು ಒಂದರ ಹಿಂದೊಂದು ನಿಂತವು. ಕೊರಳಲ್ಲಿ ಸನ್ಮಾನದ ಹಾರವಿನ್ನೂ ಇದ್ದ ಹಾಲೇಶ್ ಕೆಳಗೆ ಹಾರಿದ.

“ಯಾರ ಆರ್ಡರಲೇ ಇದು? ನಿಮ್ಮೌನ್, ಕಿತ್ತು ಹಾಕ್ರಿ! ಈಗ! ಜಲ್ದಿ!”

ಯಾರೂ ಅಲುಗಲಿಲ್ಲ. ಹಾಲೇಶ್ ತಾನೇ ಗುದ್ದಲಿ ಕಸಿದುಕೊಂಡು ಒಂದೇಟು ಹಾಕಿದ. ಬಿಸಿ ಡಾಂಬರಿನಲ್ಲಿ ಗುದ್ದಲಿ ಕಚ್ಚಿಕೊಂಡಿತು. ಜಗ್ಗಿದ, ಬರಲಿಲ್ಲ. ಬಿಳಿ ಪ್ಯಾಂಟಿನ ತುಂಬ ಕಪ್ಪು ಸಿಡಿಯಿತು.

“ನಾಳೆ ನೋಡ್ಕೋತೀನಿ ನಿಮ್ಮನ್ನ. ಒಬ್ಬೊಬ್ರನ್ನೂ!”

“ನೋಡ್ರಿ,” ಎಂದಳು ಹುಲುಗಮ್ಮ. “ನಾವು ಇಲ್ಲೇ ಇರ್ತೀವಿ.”

ಅಷ್ಟರಲ್ಲಿ ಕೋಲೂರಿಕೊಂಡು ಬಂದ ಸುಂಕಲಮ್ಮ ಮನೆಯ ಕಡೆಗೆ ದಾಟಲು ರಸ್ತೆಗಿಳಿದಳು. ಅಧ್ಯಕ್ಷರ ಕಾರು ಹಾರ್ನ್ ಹೊಡೆಯಿತು. ಮುದುಕಿ ನಿಂತಳು. ಕಾರನ್ನು ಒಮ್ಮೆ ದಿಟ್ಟಿಸಿ, ಎಲೆಯಡಿಕೆಯ ಚೀಲವನ್ನು ಸೊಂಟಕ್ಕೆ ಸರಿಯಾಗಿ ಸಿಕ್ಕಿಸಿಕೊಂಡು ಮತ್ತೆ ಹೆಜ್ಜೆಯಿಟ್ಟಳು. ಗದ್ದೆಯಿಂದ ಹುಲ್ಲಿನ ಹೊರೆ ಹೊತ್ತು ಬಂದವರು ಅವಳ ಹಿಂದೆ ಇಳಿದರು. ಕುಂಟುತ್ತ ಪಲ್ಲವಿ, ಅವಳ ಜೊತೆಗೆ ಶಾಲೆಯ ಮಕ್ಕಳು ಇಳಿದರು.

ಹಾರ್ನ್ ಈ ಸಲ ನಿಲ್ಲದೆ ಕೂಗತೊಡಗಿತು. ರಸ್ತೆಯ ಮೇಲಿದ್ದ ಯಾರೂ ಹೆಜ್ಜೆ ಬಿರುಸು ಮಾಡಲಿಲ್ಲ.