ಅಡುಗೆಮನೆ ಮತ್ತು ಇಪ್ಪತ್ತೇಳು ಚದರಡಿ

ಅವನನ್ನು ಎಲ್ಲರೂ ಕರೆಯುತ್ತಿದ್ದದ್ದು ಚದರಣ್ಣ ಎಂದೇ. ಇಪ್ಪತ್ತೆರಡು ವರ್ಷ ಕಂಡವರ ಮನೆಗಳಿಗೆ ಟೈಲ್ಸ್ ಹಾಕಿ ಹಾಕಿ ಅವನ ಕಣ್ಣಿಗೆ ಜಗತ್ತೆಲ್ಲ ಚದರಡಿಯಲ್ಲೇ ಕಾಣುತ್ತಿತ್ತು. ಆಸ್ಪತ್ರೆಗೆ ಯಾರನ್ನಾದರೂ ನೋಡಲು ಹೋದರೆ, ಹೇಗಿದ್ದೀರಿ ಎಂದು ಕೇಳುವ ಮೊದಲೇ, "ಈ ವಾರ್ಡು ಆರುನೂರ ನಲವತ್ತು ಚದರಡಿ. ಇಳಿಜಾರೇ ಕೊಟ್ಟಿಲ್ಲ ನೋಡಿ, ತೊಳೆದ ನೀರೆಲ್ಲ ಇಲ್ಲೇ ನಿಲ್ಲತ್ತೆ" ಎಂದುಬಿಡುತ್ತಿದ್ದ. ಮಂಚದ ಮೇಲೆ ಮಲಗಿದವರಿಗೂ ನಗು ಬರುತ್ತಿತ್ತು.

ಇಂಥವನು ತನ್ನ ಮನೆಗೆ ಮಾಡಿದ ಸಾಲವನ್ನು ಬೇರೆ ಯಾವುದರಲ್ಲಿ ಅಳೆದಾನು? ಮನೆ ಕೊಳ್ಳುವಾಗ ಕೊಟ್ಟ ಮುಂಗಡಕ್ಕೆ ಬಾಲ್ಕನಿ ಮತ್ತು ಬಚ್ಚಲು ಸರಿಹೋಯಿತು ಎಂದು ಅವನ ಲೆಕ್ಕ. ಉಳಿದದ್ದು ಏಳುನೂರ ಐವತ್ತು ಚದರಡಿ, ಇಪ್ಪತ್ತೈದು ಲಕ್ಷ ಸಾಲ, ಇಪ್ಪತ್ತು ವರ್ಷ. ಅಂದರೆ ವರ್ಷಕ್ಕೆ ಮೂವತ್ತೇಳೂವರೆ ಚದರಡಿ ನಮ್ಮದಾಗುತ್ತದೆ. ವರ್ಷಕ್ಕೊಮ್ಮೆ, ಮೊದಲ ಕಂತು ಕಟ್ಟಿದ ತಾರೀಖಿನಂದು, ಊಟಕ್ಕೆ ಕೂತಾಗ ಅದನ್ನು ಘೋಷಿಸುತ್ತಿದ್ದ. ಮೊದಲೆರಡು ವರ್ಷಕ್ಕೆ ಅಡುಗೆಮನೆ ಹೆಚ್ಚುಕಡಿಮೆ ಮುಗಿಯಿತು. ಆರನೇ ವರ್ಷದ ಊಟದಲ್ಲಿ ಎದ್ದು ನಿಂತು, "ಇವತ್ತಿಗೆ ಹಾಲ್ ಪೂರ್ತಿ ನಮ್ಮದು! ಅತ್ತೆ, ನೀವು ಕೂತಿರೋ ಕುರ್ಚಿ ಕೆಳಗಿನ ನೆಲಕ್ಕೆ ಇನ್ನು ಯಾರ ಹಂಗೂ ಇಲ್ಲ" ಎಂದ.

ಅತ್ತೆ, ಅಂದರೆ ಹೆಂಡತಿಯ ತಾಯಿ, ಅವರ ಜೊತೆಗೇ ಇದ್ದರು. "ಒಳ್ಳೇದಾಯ್ತು ಅಳಿಯಂದಿರೇ" ಎಂದು ಹೇಳಿ ಕಾಲು ಇನ್ನಷ್ಟು ಚಾಚಿಕೊಂಡರು.

ನೆಲ ಅವರದಾಯಿತೇನೋ ಸರಿ, ಆದರೆ ಆ ನೆಲ ನೋಡುವ ಹಾಗಿರಲಿಲ್ಲ. ಮನೆ ಕಟ್ಟಿಸಿ ಮಾರಿದವನು ಹಾಕಿಸಿದ್ದ ಅಗ್ಗದ ಬಿಳಿ ಟೈಲು. ಅಲ್ಲಲ್ಲಿ ಸೀಳಿತ್ತು, ಕೆಲವು ಕಡೆ ಕಾಲಿಟ್ಟರೆ ಟೊಕ್ ಟೊಕ್ ಎನ್ನುತ್ತಿತ್ತು. ಬಂದವರೆಲ್ಲ, "ಏನು ಚದರಣ್ಣ, ಊರಿಗೆಲ್ಲ ಹಾಕ್ತೀಯ, ನಿನ್ನ ಮನೆಗೆ ಯಾರನ್ನ ಕರೆಸಬೇಕು?" ಎಂದು ಕಾಲೆಳೆಯುತ್ತಿದ್ದರು. ಅವನಿಗೆ ಒಂದೇ ಆಸೆ. ಹಾಕಿದರೆ ಮಾರ್ಬಲ್ಲೇ ಹಾಕಬೇಕು, ಅದೂ ಮನೆ ಪೂರ್ತಿ. ಅದಕ್ಕೆಂದೇ ಎರಡು ವರ್ಷ ತಿಂಗಳಿಗೆ ನಾಲ್ಕು ಸಾವಿರದಂತೆ ತೆಗೆದಿಟ್ಟು ಹೇಗೋ ಒಂದು ಲಕ್ಷ ಮಾಡಿಕೊಂಡಿದ್ದ. ಬೇಕಾದದ್ದು ಐದು ಲಕ್ಷ.

ಅಂಥ ಹೊತ್ತಿಗೆ ಬ್ಯಾಂಕಿನಿಂದ ಫೋನು ಬಂತು. ಸಾಲದ ಮೇಜಿನ ಅಧಿಕಾರಿ ಅವನಿಗೆ ಪರಿಚಯದವನೇ, ಅವನ ಮನೆ ಬಚ್ಚಲಿಗೆ ಟೈಲ್ಸ್ ಹಾಕಿದ್ದು ಚದರಣ್ಣನೇ. ಹೋದ ಕೂಡಲೇ ಅವನು ಚಹ ತರಿಸಿದ.

"ಆರು ವರ್ಷ ಒಂದು ಕಂತೂ ತಪ್ಪಿಸಿಲ್ಲ ನೀವು. ನಿಮ್ಮಂಥವರಿಗೆ ಕೊಡದೆ ಇನ್ಯಾರಿಗೆ ಕೊಡೋದು? ಇನ್ನೊಂದು ನಾಲ್ಕು ಲಕ್ಷ ಇದೇ ಸಾಲಕ್ಕೆ ಸೇರಿಸಿ ಕೊಡ್ತೀವಿ. ಕಂತು ಈಗ ಇಪ್ಪತ್ತೆರಡು ಸಾವಿರದ ನಾನೂರ ತೊಂಬತ್ತಮೂರು ಅಲ್ವಾ? ಅಷ್ಟೇ ಇರತ್ತೆ, ಒಂದು ಪೈಸೆ ಹೆಚ್ಚಿಲ್ಲ. ಅವಧಿ ಮಾತ್ರ ಸ್ವಲ್ಪ ಮುಂದೆ ಹೋಗತ್ತೆ."

"ಕಂತು ಅಷ್ಟೇನಾ?"

"ಅಷ್ಟೇ."

ಚದರಣ್ಣನಿಗೆ ಕಾಲು ನೆಲದ ಮೇಲೆ ನಿಲ್ಲಲಿಲ್ಲ. ಅಲ್ಲೇ ಸಹಿ ಮಾಡಿಬಿಡುತ್ತಿದ್ದನೇನೋ, ಆದರೆ ಹೆಂಡತಿಯ ಸಹಿಯೂ ಬೇಕಿತ್ತು. ಕಾಗದಗಳನ್ನು ಕಂಕುಳಲ್ಲಿಟ್ಟುಕೊಂಡು ಹೊರಟವನು ದಾರಿಯಲ್ಲಿ ಮಾರ್ಬಲ್ ಅಂಗಡಿಗೂ ಹೋಗಿ, ಬೂದುಗೆರೆಯ ಬಿಳಿ ಹಲಗೆಯೊಂದನ್ನು ಸವರಿ ನೋಡಿ ಬಂದ.

ಹೆಂಡತಿ ಕನ್ನಡಕದ ಅಂಗಡಿಯಲ್ಲಿ ಕೆಲಸಕ್ಕಿದ್ದಳು. ದಿನವಿಡೀ ಜನರನ್ನು ಕೂರಿಸಿ ಗೋಡೆಯ ಮೇಲಿನ ಕಡೆಯ ಸಾಲು ಓದಿಸುವುದೇ ಅವಳ ಕೆಲಸ. ಸಂಜೆ ಕಿಟಕಿ ಪಕ್ಕ ಕೂತು ಕಾಗದಗಳನ್ನು ಒಂದೊಂದಾಗಿ ಓದಿದಳು. ಅವನು ಅತ್ತೆಗೆ ಮಾರ್ಬಲ್ಲಿನ ತಂಪಿನ ಬಗ್ಗೆ ವಿವರಿಸುತ್ತಿದ್ದ.

"ರೀ, ಇಲ್ಲಿ ಬನ್ನಿ. ನಾವು ಇನ್ನೂ ಎಷ್ಟು ಸಾಲ ಕೊಡಬೇಕು?"

"ಆರು ವರ್ಷ ಆಯ್ತಲ್ಲ. ಹದಿನೇಳೂವರೆ ಲಕ್ಷ."

"ಇಲ್ಲಿ ಇಪ್ಪತ್ತೊಂದು ಲಕ್ಷ ನಲವತ್ತನಾಲ್ಕು ಸಾವಿರ ಅಂತಿದೆ."

ಅವನು ನಕ್ಕುಬಿಟ್ಟ. "ಬೇರೆ ಯಾರದ್ದೋ ಕಾಗದ ಕೊಟ್ಟಿದಾನೆ ಕಣೇ."

"ಹೆಸರು ನಿಮ್ಮದೇ ಇದೆ."

ಅವಳು ಹಳೆ ಕ್ಯಾಲೆಂಡರಿನ ಹಿಂಬದಿಯಲ್ಲಿ ಗುಣಿಸಿದಳು. ಎಪ್ಪತ್ತೆರಡು ಕಂತು ಕಟ್ಟಿದ್ದಾರೆ, ಹದಿನಾರು ಲಕ್ಷ ಹತ್ತೊಂಬತ್ತು ಸಾವಿರ. ಸಾಲ ಇಳಿದಿರುವುದು ಬರೀ ಮೂರು ಲಕ್ಷ ಐವತ್ತಾರು ಸಾವಿರ. ಚದರಣ್ಣ ಪೆನ್ನು ಕಿತ್ತುಕೊಂಡು ತಾನೇ ಇನ್ನೊಮ್ಮೆ ಗುಣಿಸಿದ. ಅಷ್ಟೇ ಬಂತು. "ನನಗೆ ಟೋಪಿ ಹಾಕಿದಾನೆ! ಅವನ ಬಚ್ಚಲಿಗೆ ಕೂಲಿ ಕಡಿಮೆ ಮಾಡ್ಕೊಂಡೆ ನಾನು!" ಎಂದು ಹಾಲಿನ ತುಂಬ ಅಡ್ಡಾಡಿದ. ಟೈಲುಗಳು ಟೊಕ್ ಟೊಕ್ ಎಂದವು.

ಮಾರನೇ ದಿನ ಬ್ಯಾಂಕಿನ ಬಾಗಿಲು ತೆಗೆಯುವ ಮೊದಲೇ ಅವನು ಮೆಟ್ಟಿಲ ಮೇಲಿದ್ದ. ಅಧಿಕಾರಿ ಚೀಲ ಕೆಳಗಿಡುವಷ್ಟು ಪುರಸೊತ್ತೂ ಕೊಡಲಿಲ್ಲ.

"ನನ್ನ ಹನ್ನೆರಡು ಲಕ್ಷ ಎಲ್ಲಿ ಹೋಯ್ತು ಸ್ವಾಮಿ?"

ಅಧಿಕಾರಿ ಕಾಗದ ನೋಡಿ, ಅವನ ಮುಖ ನೋಡಿ, "ಎಲ್ಲೂ ಹೋಗಿಲ್ಲ, ಕೂತ್ಕೊಳ್ಳಿ" ಎಂದ. ಕಂಪ್ಯೂಟರಿನಲ್ಲಿ ಏನೋ ಒತ್ತಿದ. ಮೂಲೆಯ ಯಂತ್ರದಿಂದ ಹಾಳೆಯ ಮೇಲೆ ಹಾಳೆ ಹೊರಬಂತು. ಇನ್ನೂರ ನಲವತ್ತು ಸಾಲು, ಪ್ರತಿ ಕಂತಿಗೂ ಒಂದು.

"ಮೊದಲ ಸಾಲು ನೋಡಿ. ಆ ತಿಂಗಳು ಇಪ್ಪತ್ತೈದು ಲಕ್ಷ ಪೂರ್ತಿ ನಿಮ್ಮ ಹತ್ರ ಇತ್ತು. ಅಷ್ಟಕ್ಕೂ ಒಂದು ತಿಂಗಳ ಬಡ್ಡಿ ಹದಿನೆಂಟು ಸಾವಿರದ ಏಳುನೂರ ಐವತ್ತು. ಮೊದಲು ಅದನ್ನ ಮುರ್ಕೊಂಡು, ಉಳಿದದ್ದು ಮಾತ್ರ ಅಸಲಿಗೆ. ಮೂರು ಸಾವಿರದ ಏಳುನೂರ ನಲವತ್ತಮೂರು."

ಚದರಣ್ಣ ಮನಸ್ಸಿನಲ್ಲೇ ಭಾಗಿಸಿದ. ಇಪ್ಪತ್ತೆರಡೂವರೆ ಸಾವಿರ ಕಟ್ಟಿದ ಆ ಮೊದಲ ತಿಂಗಳು ಅವನಿಗೆ ಸಿಕ್ಕಿದ್ದು ಒಂದು ಚದರಡಿ ಚಿಲ್ಲರೆ. ಒಂದು ಟೈಲು! ಒಂದೇ ಒಂದು ಟೈಲು!

"ಅಸಲು ಇಳಿದ ಹಾಗೆ ಬಡ್ಡಿ ಇಳಿಯತ್ತೆ, ಅಸಲಿಗೆ ಹೋಗೋ ಪಾಲು ಏರತ್ತೆ" ಎಂದು ಅಧಿಕಾರಿ ಬೆರಳನ್ನು ಸಾಲಿನಿಂದ ಸಾಲಿಗೆ ಇಳಿಸುತ್ತ ಹೋದ. "ಮೊದಮೊದಲು ಎಲ್ಲರಿಗೂ ಹೀಗೇ. ಕೊನೆಗೆ ಒಟ್ಟು ಐವತ್ತನಾಲ್ಕು ಲಕ್ಷ ಕಟ್ಟಿರ್ತೀರಿ."

"ಇಪ್ಪತ್ತೈದಕ್ಕೆ ಐವತ್ತನಾಲ್ಕು. ಇದನ್ನ ಮೊದಲೇ ಹೇಳೋದಲ್ವಾ?"

"ಸಹಿ ಮಾಡಿದ ದಿನವೇ ಈ ಪಟ್ಟಿ ಕೊಟ್ಟಿದ್ವಿ. ನೀವು ಕೇಳಿದ್ದು ಒಂದೇ ಪ್ರಶ್ನೆ, ತಿಂಗಳಿಗೆ ಎಷ್ಟು ಅಂತ. ಎಲ್ಲರೂ ಕೇಳೋದು ಅದೇ."

ಚದರಣ್ಣನ ಸಿಟ್ಟು ಅಲ್ಲಿಗೇ ಅರ್ಧ ಇಳಿಯಿತು. ಆ ಪಟ್ಟಿ ಅವನಿಗೆ ನೆನಪಿತ್ತು. ಬೀರುವಿನ ಅಡಿಯ ಖಾನೆಗೆ ಹಾಸಿದ್ದು ಅದನ್ನೇ. ಮೆತ್ತಗೆ ಕೇಳಿದ.

"ನೀವು ಹೇಳಿದ ನಾಲ್ಕು ಲಕ್ಷ ತಗೊಂಡ್ರೆ, ಅವಧಿ ಸ್ವಲ್ಪ ಮುಂದೆ ಹೋಗತ್ತೆ ಅಂದ್ರಲ್ಲ. ಸ್ವಲ್ಪ ಅಂದ್ರೆ ಎಷ್ಟು?"

ಅಧಿಕಾರಿ ಲೆಕ್ಕ ಹಾಕಿದ. ಗಂಟಲು ಸರಿಮಾಡಿಕೊಂಡ. "ಏಳು ವರ್ಷ."

"ಏಳು ವರ್ಷದ ಕಂತೆಲ್ಲ ಸೇರಿದ್ರೆ?"

"ಹದಿನೆಂಟು ಲಕ್ಷ ಎಂಬತ್ತೊಂಬತ್ತು ಸಾವಿರ."

ಇಬ್ಬರೂ ಒಬ್ಬರ ಮುಖ ಒಬ್ಬರು ನೋಡಿಕೊಂಡರು. ನಾಲ್ಕು ಲಕ್ಷದ ಕಲ್ಲಿಗೆ ಹತ್ತೊಂಬತ್ತು ಲಕ್ಷ! ಕಲ್ಲು ಎಷ್ಟೇ ಹೊಳೆಯಲಿ, ಅಷ್ಟೊಂದು ಹೊಳೆಯಲಾರದು ಎನಿಸಿ ಚದರಣ್ಣನಿಗೆ ನಗು ಬಂತು. ಅವನು ನಕ್ಕದ್ದು ನೋಡಿ ಅಧಿಕಾರಿಗೆ ಧೈರ್ಯ ಬಂತು. "ನಿಜ ಹೇಳ್ಲಾ? ನನ್ನ ಮನೆ ಸಾಲ ಇಪ್ಪತ್ತೈದು ವರ್ಷದ್ದು. ನನ್ನ ಪಟ್ಟೀನ ನಾನೂ ಮೊದಲ ಪುಟ ಬಿಟ್ಟು ತಿರುವಿಲ್ಲ" ಎಂದ.

ಮನೆಗೆ ಬಂದವನೇ ಚದರಣ್ಣ ಕೆಲಸದ ಚೀಲದಿಂದ ಟೇಪು, ಸೀಮೆಸುಣ್ಣ ತೆಗೆದ. ಇಳಿದ ಸಾಲಕ್ಕೆ ಸರಿಯಾಗಿ ನೂರ ಏಳು ಚದರಡಿ. ಅಡುಗೆಮನೆಗೆ ಎಂಬತ್ತು ಹೋದರೆ ಉಳಿದದ್ದು ಇಪ್ಪತ್ತೇಳು. ಹಾಲಿನ ಅಗಲ ಒಂಬತ್ತಡಿ. ಅಡುಗೆಮನೆ ಬಾಗಿಲಿನಿಂದ ಮೂರಡಿ ಅಳೆದು, ಗೋಡೆಯಿಂದ ಗೋಡೆಗೆ ಗೆರೆ ಎಳೆದ.

"ಇಷ್ಟೇ ನಮ್ಮದು" ಎಂದ. ಧ್ವನಿ ಸಣ್ಣದಾಗಿತ್ತು. ಆರು ವರ್ಷ ಊಟದ ಹೊತ್ತಲ್ಲಿ ಎದ್ದು ನಿಂತು ಹೇಳಿದ್ದೆಲ್ಲ ನೆನಪಾಗಿ ಕಿವಿ ಬಿಸಿಯಾಗಿತ್ತು.

ಅತ್ತೆ ಕೂತಲ್ಲಿಂದಲೇ ಬಗ್ಗಿ ನೋಡಿದರು. ಅವರ ಕುರ್ಚಿ ಗೆರೆಯಿಂದ ಆಚೆ, ಕಿಟಕಿ ಹತ್ತಿರ ಇತ್ತು. "ಹಾಗಾದ್ರೆ ನಾನು ಈಗ ಬ್ಯಾಂಕಿನಲ್ಲಿ ಕೂತಿದ್ದೀನಾ?" ಎಂದರು. ಎದ್ದು, ಕುರ್ಚಿಯನ್ನು ಎಳೆದು ತಂದು, ಗೆರೆಯೊಳಗೆ ಫ್ರಿಜ್ಜಿಗೆ ಒತ್ತಿ ಹಾಕಿಕೊಂಡು ಕೂತರು. "ಸದ್ಯ, ಚಹ ಹತ್ತಿರ ಆಯ್ತು."

ಹೆಂಡತಿಗೆ ನಗು ತಡೆಯಲಾಗಲಿಲ್ಲ. ಅತ್ತೆಗೂ ಶುರುವಾಯಿತು. ಕೊನೆಗೆ ಚದರಣ್ಣನೂ ನೆಲದ ಮೇಲೆ ಕೂತು ಹೊಟ್ಟೆ ಹಿಡಿದುಕೊಂಡು ನಕ್ಕ. ನಕ್ಕು ಸುಸ್ತಾಗಿ ಏಳಲು ಹೋದಾಗ ಅಭ್ಯಾಸದಂತೆ ಗೋಡೆ ಹಿಡಿದು, "ಅಮ್ಮಾ" ಎಂದ. ಹೆಂಡತಿ ನಗು ನಿಲ್ಲಿಸಿದಳು.

"ರೀ, ಈಗಿನ ಸಾಲ ಮುಗಿಯೋ ಹೊತ್ತಿಗೆ ನಿಮಗೆಷ್ಟು ವಯಸ್ಸು?"

"ಐವತ್ತೆಂಟು."

"ಮಾರ್ಬಲ್ ಹಾಕಿಸಿದ್ರೆ?"

"ಅರವತ್ತೈದು."

"ಅರವತ್ತೈದರವರೆಗೂ ಮಂಡಿ ಊರಿ ಕೂರ್ತೀರಾ? ಈಗಲೇ ಗೋಡೆ ಹಿಡಿದು ಏಳ್ತೀರಿ. ಕಲ್ಲಿನ ಬೆಲೆ ಹತ್ತೊಂಬತ್ತು ಲಕ್ಷ ಅಂತ ಬ್ಯಾಂಕಿನವರು ಹೇಳಿದ್ರು ಅಂದ್ರಲ್ಲ. ನಿಮ್ಮ ಮಂಡಿ ಅದರಲ್ಲಿ ಸೇರಿಲ್ಲ."

ಅವನು ಮಂಡಿಯ ಮೇಲೆ ಕೈ ಇಟ್ಟುಕೊಂಡು ಕೂತ. ಇಪ್ಪತ್ತೆರಡು ವರ್ಷ ಎಲ್ಲರ ಮನೆಯ ಉದ್ದ ಅಗಲ ಅಳೆದವನು ತನ್ನ ವಯಸ್ಸನ್ನು ಲೆಕ್ಕಕ್ಕೆ ಹಿಡಿದದ್ದು ಅದೇ ಮೊದಲು.

"ಹಾಗಾದ್ರೆ ಆ ಒಂದು ಲಕ್ಷ?" ಎಂದ ಕೊನೆಗೆ.

"ಅದನ್ನ ಅಸಲಿಗೇ ಕಟ್ಟಿಬಿಟ್ರೆ ಏನಾಗತ್ತೆ ಅಂತ ಕೇಳ್ಕೊಂಡು ಬನ್ನಿ."

ಈ ಸಲ ಇಬ್ಬರೂ ಹೋದರು. ಅಧಿಕಾರಿಗೂ ಈಗ ಕುತೂಹಲ ಹತ್ತಿತ್ತು, ಚಹ ಹೇಳುವುದನ್ನೇ ಮರೆತು ಲೆಕ್ಕಕ್ಕೆ ಕೂತ. ಒಂದು ಲಕ್ಷ ಅಂದರೆ ಐದು ಕಂತಿನಷ್ಟೂ ಇಲ್ಲ. ಆದರೆ ಅದನ್ನು ಅಸಲಿಗೆ ಹಾಕಿದ್ದೇ ಪಟ್ಟಿಯ ಬಾಲದಿಂದ ಸುಮಾರು ಹದಿನೈದು ಕಂತು ಕಳಚಿ ಬಿದ್ದವು.

"ಹದಿನೈದಾ?" ಹೆಂಡತಿ ಕುರ್ಚಿ ಮುಂದೆಳೆದುಕೊಂಡಳು.

"ಹೌದು ಮೇಡಂ. ಆ ಒಂದು ಲಕ್ಷದ ಮೇಲೆ ಮುಂದೆ ಹತ್ತಿರ ಹತ್ತಿರ ಹದಿನಾಲ್ಕು ವರ್ಷ ಬಡ್ಡಿ ಓಡಬೇಕಿತ್ತಲ್ಲ, ಅದು ನಿಂತುಹೋಯ್ತು."

"ಇದರ ಮೇಲೆ ತಿಂಗಳಿಗೆ ಮೂರು ಸಾವಿರ ಜಾಸ್ತಿ ಕಟ್ಟಿದ್ರೆ? ಮಾರ್ಬಲ್ಲಿಗೆ ಅಂತ ಹೇಗೂ ನಾಲ್ಕು ತೆಗೆದಿಡ್ತಿದ್ವಿ."

ಅಧಿಕಾರಿ ಇನ್ನೊಮ್ಮೆ ಒತ್ತಿದ. ಹದಿನಾಲ್ಕು ವರ್ಷ ಇದ್ದದ್ದು ಹತ್ತು ವರ್ಷ ನಾಲ್ಕು ತಿಂಗಳಿಗೆ ಇಳಿಯಿತು. ಒಟ್ಟು ಉಳಿತಾಯ ಐದು ಲಕ್ಷ ದಾಟಿತು. ಚದರಣ್ಣ ಬೆರಳು ಮಡಚಿ ಎಣಿಸಿದ. ಐವತ್ತನಾಲ್ಕಕ್ಕೇ ಬಿಡುಗಡೆ! ಜೇಬಿಂದ ಚೆಕ್ಕು ತೆಗೆದು ಅಲ್ಲೇ ಬರೆದುಕೊಟ್ಟ. "ಅಸಲಿಗೆ ಅಂತ ದೊಡ್ಡದಾಗಿ ಬರ್ಕೊಳ್ಳಿ ಸ್ವಾಮಿ. ಕಂತು ಇಳಿಸೋದು ಬೇಡ, ವರ್ಷ ಇಳಿಸಿ" ಎಂದು ಎರಡೆರಡು ಸಲ ಹೇಳಿದ.

ಉಳಿದದ್ದು ಮನೆಯ ನೆಲ. ಬಾಲ್ಕನಿಯಲ್ಲಿ ಗಿರಾಕಿಗಳ ಮನೆಯಲ್ಲಿ ಮಿಕ್ಕ ಟೈಲಿನ ಅರೆಬರೆ ಪೆಟ್ಟಿಗೆಗಳು ಎದೆಯೆತ್ತರ ಬಿದ್ದಿದ್ದವು. ಒಂದರ ಬಣ್ಣ ಇನ್ನೊಂದಕ್ಕಿಲ್ಲ ಎಂದು ಇಷ್ಟು ವರ್ಷ ಅವನು ಮೂಗು ಮುರಿದಿದ್ದ. ಈಗ ಒಂದು ಭಾನುವಾರ ಎಲ್ಲವನ್ನೂ ಹಾಲಿನಲ್ಲಿ ಹರವಿದ. ಹೆಂಡತಿ ಬಣ್ಣ ಹೊಂದಿಸಿದಳು, ಅತ್ತೆ ಕುರ್ಚಿಯಿಂದಲೇ "ನೀಲಿ ಆ ಕಡೆ, ಕಂದು ಈ ಕಡೆ" ಎಂದು ಯಜಮಾನಿಕೆ ನಡೆಸಿದರು. ಮೂರು ಭಾನುವಾರದಲ್ಲಿ ಹಾಲ್ ಮುಗಿಯಿತು. ಖರ್ಚಾದದ್ದು ಅಂಟಿಗೆ ಮಾತ್ರ. ಹನ್ನೊಂದು ಮನೆಗಳ ನೆಲ ಒಂದೇ ಕೋಣೆಯಲ್ಲಿ ಸೇರಿತ್ತು, ನೋಡಲು ಚೆನ್ನಾಗಿಯೇ ಇತ್ತು.

ಇಷ್ಟಕ್ಕೆ ಮುಗಿಯಿತು ಎನ್ನುವಂತಿಲ್ಲ. ಮುಂದಿನ ತಿಂಗಳು ಹೊಸದಾಗಿ ಮದುವೆಯಾದ ಗಂಡಹೆಂಡತಿ ತಾವು ಕೊಳ್ಳಲಿರುವ ಮನೆ ತೋರಿಸಲು ಅವನನ್ನು ಕರೆದೊಯ್ದರು. ಸಾವಿರದ ಆರುನೂರು ಚದರಡಿ, ಎಲ್ಲ ಕಡೆ ಬೆಲೆಬಾಳುವ ಟೈಲು ಬೇಕಂತೆ. ಚದರಣ್ಣನಿಗೆ ಎರಡು ತಿಂಗಳ ಕೆಲಸ.

"ಸಾಲ ಎಷ್ಟು ವರ್ಷಕ್ಕೆ?" ಅವನು ಟೇಪು ಬಿಚ್ಚುತ್ತ ಕೇಳಿದ.

"ಮೂವತ್ತು. ಕಂತು ತುಂಬಾ ಕಡಿಮೆ ಬರತ್ತೆ" ಎಂದಳು ಹುಡುಗಿ, ಖುಷಿಯಿಂದ.

ಚದರಣ್ಣ ಟೇಪು ಮಡಚಿ ಜೇಬಿಗೆ ಹಾಕಿದ. ಖಾಲಿ ಹಾಲಿನ ಮಧ್ಯೆ ಮೂವರೂ ನೆಲದ ಮೇಲೆ ಕೂತರು. ಅವನು ಒಂದು ಗಂಟೆ ಮಾತಾಡಿದ, ಮೊದಲ ತಿಂಗಳ ಆ ಒಂದು ಟೈಲಿನಿಂದ ಶುರುಮಾಡಿ. ಮಾತು ಮುಗಿಯುವಾಗ ಹುಡುಗಿಯ ಕೈಯಲ್ಲಿ ಲೆಕ್ಕದ ಹಾಳೆ ಇತ್ತು, ಹುಡುಗನ ಹಣೆ ಮೇಲೆ ಬೆವರಿತ್ತು. ವಾರ ಕಳೆದು ಫೋನು ಮಾಡಿದರು. ಆ ಮನೆ ಬಿಟ್ಟು ಎಂಟುನೂರು ಚದರಡಿಯದು ನೋಡಿದ್ದಾರೆ, ಹದಿನೈದು ವರ್ಷಕ್ಕೆ, ಸಾದಾ ಟೈಲು ಸಾಕು.

"ಎರಡು ತಿಂಗಳ ಕೆಲಸ ಮೂರು ವಾರಕ್ಕೆ ಇಳಿಸ್ಕೊಂಡ್ರಾ?" ಹೆಂಡತಿ ಸೊಂಟದ ಮೇಲೆ ಕೈಯಿಟ್ಟು ಕೇಳಿದಳು. ಕಣ್ಣು ಮಾತ್ರ ನಗುತ್ತಿತ್ತು.

"ಇಳಿಸ್ಕೊಂಡೆ" ಎಂದ ಚದರಣ್ಣ. "ಆದ್ರೆ ಆ ಹುಡುಗಿ ಬುದ್ಧಿವಂತೆ ಕಣೇ. ಫೋನು ಇಡೋ ಮೊದಲು ನನ್ನ ಕೂಲಿಯಲ್ಲೂ ಚದರಡಿಗೆ ಎರಡು ರೂಪಾಯಿ ಕಡಿಮೆ ಮಾಡಿಸಿಬಿಟ್ಟಳು!"